ಕುಂದ್ರು ಅಂದವರು ಏಳು ಅನ್ನಲಿಲ್ಲ

ಬೆಂಗಳೂರು
18-10-1959

ಗೆಳೆಯ ಖುದ್ದೂಸನಿಗೆ,

ಎಷ್ಟೋ ದಿನದ ಮೇಲೆ ನನ್ನ ಅಕ್ಷರ ನೋಡಿ ಹುಬ್ಬು ಗಂಟು ಹಾಕಬೇಡ. ಬೈಯುವುದಿದ್ದರೆ ಕೊನೆಯವರೆಗೆ ಓದಿ ಆಮೇಲೆ ಬೈ.

ಹರಿಹರದಿಂದ ಓಬವ್ವ ಯಾರ ಕೈಯಲ್ಲೋ ಕಾಗದ ಬರೆಸಿ ಹಾಕಿದ್ದಾಳೆ. ಶೋರಾಕ್ ಸಾಹೇಬರ ಮನೆಯಲ್ಲಿ ಅಡಿಗೆ ಮಾಡಿಕೊಂಡಿದ್ದಾಳಲ್ಲ, ಅವಳೇ. ದಸರೆಗೆ ಮೊದಲು ಮಲಗಿದ ಸಾಹೇಬರು ಇನ್ನೂ ಎದ್ದಿಲ್ಲವಂತೆ. ಎದೆಯಲ್ಲಿ ಕಫ ಕಟ್ಟಿದೆ, ಗಂಜಿ ಬಿಟ್ಟರೆ ಏನೂ ಸೇರುತ್ತಿಲ್ಲ. ಎಪ್ಪತ್ತು ದಾಟಿದ ಜೀವ, ಈ ಚಳಿ ಕಳೆದರೆ ಪುಣ್ಯ ಅಂತ ಡಾಕ್ಟರು ಹೇಳಿ ಹೋದರಂತೆ. ಜ್ವರದಲ್ಲಿ ನಿನ್ನ ಹೆಸರು ಹಿಡಿದು ಕರೆಯುತ್ತಾರಂತೆ. ನನ್ನ ಹೆಸರಲ್ಲ, ನಿನ್ನದು.

ಆ ಮನುಷ್ಯನಿಗೆ ಇಲ್ಲಿ ಯಾರಿದ್ದಾರೆ ಹೇಳು. ತಮ್ಮ ದೇಶದಲ್ಲಿ ಚೆಂಡು ಆಡಿ ಸಂಬಳ ಎಣಿಸಿದವರು, ಗಿರಣಿಗೆ ಮಗ್ಗ ಜೋಡಿಸಲು ಬಂದವರು, ಜೋಡಿಸಿ ಮುಗಿದ ಮೇಲೂ ಹಡಗು ಹತ್ತಲಿಲ್ಲ. ಬರಿಗಾಲಲ್ಲಿ ಓಡುತ್ತಿದ್ದ ನಮ್ಮಂಥವರನ್ನು ಹಿಡಿದು ಫುಟ್‌ಬಾಲ್ ಅಂದರೆ ಏನು ಅಂತ ಕಲಿಸಿದರು. ಮದುವೆ ಇಲ್ಲ, ಮಕ್ಕಳಿಲ್ಲ. ನಾವೇ ಎಲ್ಲ.

ನಾನೇ ಬರಬೇಕಿತ್ತು. ಆದರೆ ಇಲ್ಲಿ ಲೀಗ್ ನಡೆದಿದೆ, ಕಾರ್ಖಾನೆ ತಂಡದವರು ಬಿಡುವುದಿಲ್ಲ. ನೀನು ದಾವಣಗೆರೆಯಲ್ಲಿದ್ದೀಯ. ಬಸ್ಸು ಹತ್ತಿದರೆ ಕಡಲೆಕಾಯಿ ಪೊಟ್ಟಣ ಖಾಲಿಯಾಗುವುದರೊಳಗೆ ಹರಿಹರ. ಒಮ್ಮೆ ಹೋಗಿ ಮುಖ ತೋರಿಸಿ ಬಾ. ಮಾಸೂಮಾಗೂ ಮಕ್ಕಳಿಗೂ ನನ್ನ ನೆನಪು ಹೇಳು.

ದೂರವಿದ್ದರೂ ನಿನ್ನವನೇ ಆದ
ಏಕಾಂತಪ್ಪ

*

ದಾವಣಗೆರೆ
25-10-1959

ಏಕಾಂತಪ್ಪನಿಗೆ,

ಕೊನೆಯವರೆಗೂ ಓದಿದೆ. ಈಗ ಬೈಯುತ್ತೇನೆ.

ನಾನು ಹೋಗುವುದಿಲ್ಲ. ಆ ಮನುಷ್ಯ ನನ್ನ ಹೆಸರು ಕರೆಯಲಿ, ನನ್ನ ತಾತನ ಹೆಸರು ಕರೆಯಲಿ, ಹೋಗುವುದಿಲ್ಲ. ನಿನಗೆ ಅಷ್ಟು ಮರುಕ ಇದ್ದರೆ ನೀನೇ ಬಾ. ಲೀಗ್ ಅಂತೆ. ಗುರು ಸಾಯುತ್ತಿದ್ದರೆ ಲೀಗ್ ಏನು ಓಡಿಹೋಗುತ್ತದೆಯೇ?

ನಿನಗೆ ಮರೆತಿರಬಹುದು. ಉಂಡವನಿಗೆ ಹಸಿವಿನ ನೆನಪು ಎಲ್ಲಿರುತ್ತದೆ. ಐವತ್ತಮೂರನೇ ಇಸವಿ, ಸಂಕ್ರಾಂತಿ ಕಳೆದ ವಾರ, ಹೈಸ್ಕೂಲ್ ಮೈದಾನದಲ್ಲಿ ಫೈನಲ್. ಬೆಂಗಳೂರಿನಿಂದ ಇಬ್ಬರು ಬಂದು ಕೊಡೆ ಬಿಚ್ಚಿಕೊಂಡು ಕುರ್ಚಿಯಲ್ಲಿ ಕೂತಿದ್ದರು. ಕಾರ್ಖಾನೆ ತಂಡಕ್ಕೆ ನಡುವೆ ಆಡಲು ಒಬ್ಬ ಸೆಂಟರ್ ಹಾಫ್ ಬೇಕಾಗಿದ್ದಾನೆ ಅಂತ ಊರಿಗೆಲ್ಲ ಗೊತ್ತಿತ್ತು. ಸೆಂಟರ್ ಹಾಫ್ ನಾನು. ನೀನು ಬೆಂಚಿನ ಮೇಲೆ ನಿಂಬೆಹಣ್ಣು ಹೆಚ್ಚುತ್ತಿದ್ದೆ.

ನನ್ನ ಮೊಣಕಾಲು ಸ್ವಲ್ಪ ಊದಿತ್ತು, ಇಲ್ಲ ಅನ್ನುವುದಿಲ್ಲ. ಮೂಳೆ ಕಟ್ಟುವ ನಬೀ ಸಾಬ್ ಉದ್ದಿನ ಹಿಟ್ಟು, ಮೊಟ್ಟೆಯ ಬಿಳಿ ಹಚ್ಚಿ ಪಟ್ಟಿ ಕಟ್ಟಿದ್ದರು. ಶೋರಾಕ್ ಸಾಹೇಬರ ಎದುರೇ ಕುಣಿದು ತೋರಿಸಿದೆ. ಇವರು ಬಂದು ಮೊಣಕಾಲಿನ ಒಳಬದಿಯಲ್ಲಿ ಹೆಬ್ಬೆರಳು ಒತ್ತಿದರು. ನನ್ನ ಮುಖ ನೋಡಿದರು. "ಖುದ್ದೂಸ್, ಕುಂದ್ರು" ಅಂದರು. ನಿನ್ನ ಕಡೆ ತಿರುಗಿ ಅಂಗಿ ಬದಲಿಸಲು ಹೇಳಿದರು. ಅಷ್ಟೇ. ಯಾಕೆ, ಏನು, ಒಂದು ಮಾತಿಲ್ಲ. ಕುರಿ ಮಂದೆಯಲ್ಲಿ ಒಂದನ್ನು ಆಚೆ ತಳ್ಳುವ ಕುರುಬನೂ ಅದರ ಬೆನ್ನು ಸವರುತ್ತಾನೆ.

ಆ ಸಂಜೆ ನೀನು ಚೆನ್ನಾಗಿ ಆಡಿದೆ. ಅವರು ನಿನ್ನ ಹೆಸರು ಬರೆದುಕೊಂಡರು. ನೀನು ಬೆಂಗಳೂರು ಸೇರಿದೆ, ನಾನು ಮಗ್ಗದ ಮುಂದೆ ನಿಂತೆ. ಇವತ್ತಿಗೂ ನಿಂತಿದ್ದೇನೆ. ಹತ್ತಿಯ ಧೂಳು ನುಂಗಿ ನುಂಗಿ ಈಗ ನನಗೂ ಎದೆಯಲ್ಲಿ ಕಫ.

ನನಗೆ ಉರಿಯುವುದು ಯಾವುದು ಗೊತ್ತೇ? ಬೇರೆ ಯಾರಾದರೂ ಹಾಗೆ ಮಾಡಿದ್ದರೆ ತಿಳಿಯದೆ ಮಾಡಿದರು ಅನ್ನಬಹುದಿತ್ತು. ಇವರಿಗೆ ತಿಳಿಯದ್ದು ಏನಿತ್ತು? ನೂರು ಸಲ ನಮ್ಮ ಮುಂದೆ ಹೇಳಿಲ್ಲವೇ, ತಾವೂ ನೇಯುವವರ ಮನೆಯವರು, ಹತ್ತೊಂಬತ್ತನೇ ವಯಸ್ಸಿಗೆ ಒಂದು ಆಟ ಆಡಿದ್ದನ್ನು ಒಬ್ಬ ಮನುಷ್ಯ ನೋಡಿದ, ವಾರದೊಳಗೆ ಮಗ್ಗ ಬಿಟ್ಟು ಕ್ಲಬ್ಬು ಸೇರಿದೆ ಅಂತ. ಚೆಂಡು ಒದ್ದರೆ ವಾರಕ್ಕೆ ಇಷ್ಟು ಪೌಂಡು, ಶನಿವಾರ ಶನಿವಾರ ಟೋಪಿ ಹಾಕಿಕೊಂಡ ಸಾವಿರಾರು ಜನ, ರೈಲಿನಲ್ಲಿ ಊರೂರು. ಐದು ವರ್ಷ ರಾಜನ ಹಾಗೆ ಇದ್ದೆ, ಆ ಮಳೆ ಬೇಜಾರಾಗಿ ಬಿಟ್ಟು ಬಂದೆ ಅನ್ನುತ್ತಿದ್ದರು. ಒಂದು ಆಟ ಮನುಷ್ಯನನ್ನು ಮಗ್ಗದಿಂದ ಬಿಡಿಸುತ್ತದೆ ಅಂತ ಅವರಿಗೆ ಗೊತ್ತಿತ್ತು. ಗೊತ್ತಿದ್ದೂ ನನ್ನ ಕೈಗೆ ಬಂದ ತುತ್ತನ್ನು ಬಾಯಿಗೆ ಬರಗೊಡಲಿಲ್ಲ.

ಇನ್ನೊಮ್ಮೆ ಹೋಗು ಅಂತ ಬರೆಯಬೇಡ.

ಖುದ್ದೂಸ್

*

ಬೆಂಗಳೂರು
6-11-1959

ಖುದ್ದೂಸ,

ಹಬ್ಬದ ಎದುರಿಗೆ ನಿನ್ನ ಕಾಗದ ಬಂತು. ಪಟಾಕಿ ಬೇಕಾಗಲಿಲ್ಲ.

ನೇರವಾಗಿ ಕೇಳುತ್ತೇನೆ, ನಿನಗೆ ಸಿಟ್ಟು ಯಾರ ಮೇಲೆ? ನನ್ನ ಮೇಲಿದ್ದರೆ ನನ್ನ ಮೇಲೆ ಅನ್ನು. ಬೆಂಚಿನ ಮೇಲೆ ನಿಂಬೆಹಣ್ಣು ಹೆಚ್ಚುತ್ತಿದ್ದವನು ತನ್ನ ಜಾಗದಲ್ಲಿ ಬೂಟು ಹಾಕಿಕೊಂಡು ಓಡಾಡುತ್ತಾನಲ್ಲ ಅಂತ ಹೊಟ್ಟೆ ಉರಿಯುತ್ತದೆ. ಉರಿಯಲಿ, ಅದು ಮನುಷ್ಯ ಸಹಜ. ಆದರೆ ಆ ಬೆಂಕಿಯನ್ನು ಹಾಸಿಗೆ ಹಿಡಿದ ಮುದುಕರ ಮೇಲೆ ಯಾಕೆ ಸುರಿಯುತ್ತೀಯ?

ಅವರು ಒಂದು ಆಟಕ್ಕೆ ಕುಂದ್ರು ಅಂದರು. ಜೀವಮಾನಕ್ಕೆ ಅನ್ನಲಿಲ್ಲ. ಮರುವಾರ ಪ್ರಾಕ್ಟೀಸಿಗೆ ಬಾರದೆ ಹೋದವನು ನೀನು. ಅದರ ಮುಂದಿನ ವಾರವೂ ಬರಲಿಲ್ಲ. ಉಚ್ಚೆಂಗಪ್ಪ, ಫಜಲುಲ್ಲಾ, ನಾವೆಲ್ಲ ನಿನಗೆ ತಲೆ ತಿರುಗಿದೆ ಅಂದುಕೊಂಡೆವು. ಹೋಗಿ ಕರೆದು ತರಲೇ ಅಂತ ನಾನು ಸಾಹೇಬರನ್ನು ಕೇಳಿದ್ದೆ. "ಬ್ಯಾಡ, ಅವನೇ ಬರ್ತಾನೆ" ಅಂದರು. ನೀನು ಬರಲಿಲ್ಲ. ಮುಂದಿನ ವರ್ಷವೂ ಬೆಂಗಳೂರಿನವರು ಬಂದು ನೋಡಿ ಹೋದರು, ಅವತ್ತೂ ನೀನು ಮೈದಾನದಲ್ಲಿರಲಿಲ್ಲ. ನಿನ್ನ ಆಟ ಕೊಂದದ್ದು ಯಾರು ಅಂತ ನೀನೇ ಯೋಚಿಸು. ತಾನು ಬಿದ್ದು ನೆಲಕ್ಕೆ ಒದ್ದರೆ ನೆಲಕ್ಕೆ ನೋವಾಗುವುದಿಲ್ಲ.

ಬೂಟು ಹಾಕಿದ ಕಾಲಿಗೆ ಏನು ಸುಖ ಅಂತ ನಿನಗೆ ಗೊತ್ತಿಲ್ಲ, ಗೊತ್ತಾಗುವುದೂ ಬೇಡ. ನನಗೆ ರಜೆ ಇಲ್ಲ. ಇದ್ದಿದ್ದರೆ ನಿನ್ನ ಬಾಗಿಲಿಗೆ ಕಾಗದ ಹಿಡಿದು ಬೇಡುತ್ತಿರಲಿಲ್ಲ.

ಏಕಾಂತಪ್ಪ

*

ದಾವಣಗೆರೆ
14-11-1959

ಏಕಾಂತಪ್ಪ,

ಹೊಟ್ಟೆಕಿಚ್ಚು ಅಂದೆಯಲ್ಲ. ನಿನ್ನ ಕಾಗದವನ್ನು ಒಲೆಗೆ ಹಾಕಲು ಹೋದೆ, ಮಾಸೂಮಾ ಕಿತ್ತುಕೊಂಡು ಇಟ್ಟಿದ್ದಾಳೆ. ನಿನ್ನ ಮೇಲೆ ನನಗೆ ಯಾವತ್ತೂ ಸಿಟ್ಟಿರಲಿಲ್ಲ. ಈಗ ಬಂದಿದೆ. ನೀನೇ ಕೊಟ್ಟದ್ದು, ಇಟ್ಟುಕೋ.

ಪ್ರಾಕ್ಟೀಸಿಗೆ ನಾನು ಬರಲಿಲ್ಲವಂತೆ. ನೀನು ಹೊಲದ ಮನೆಯವನು, ನಿನಗೆ ಗರಡಿಯ ರೀತಿ ಗೊತ್ತಿಲ್ಲ. ನಮ್ಮ ಅಬ್ಬಾ, ಮಕ್ತುಮ್ ಸಾಬ್, ಗರಡಿಯಲ್ಲಿ ಬೆಳೆದವರು, ನಾನು ನಡೆಯಲು ಕಲಿತದ್ದೇ ಆ ಕೆಮ್ಮಣ್ಣಿನ ಮೇಲೆ. ಕುಸ್ತಿ ಕಲಿಸುವ ಉಸ್ತಾದ್ ಕುಂದ್ರು ಅಂದರೆ ಕೂಡಬೇಕು. ಯಾಕೆ ಅಂತ ಕೇಳುವ ಹಾಗಿಲ್ಲ. ಕೇಳಿದವನು ಮಾರನೇ ದಿನ ಗರಡಿಯ ಹೊಸ್ತಿಲು ತುಳಿಯುವ ಹಾಗಿಲ್ಲ. ಆಮೇಲೆ ಉಸ್ತಾದ್ ತಾವಾಗಿ ಹೆಸರು ಹಿಡಿದು ಕರೆಯುವವರೆಗೂ ಅಖಾಡಕ್ಕೆ ಇಳಿಯುವ ಹಾಗೂ ಇಲ್ಲ. ನಮ್ಮ ಅಬ್ಬಾನನ್ನು ಅವರ ಉಸ್ತಾದ್ ಒಂದು ಮಳೆಗಾಲ ಪೂರ್ತಿ ಕೂಡಿಸಿದ್ದರು. ದಿನಾ ಹೋಗಿ ಗೋಡೆಗೆ ಒರಗಿ ಕೂತು ಬರುತ್ತಿದ್ದರಂತೆ. ಒಂದು ದಿನ "ಮಕ್ತುಮ್, ಇಳಿ" ಅಂದರು, ಇಳಿದರು. ದೊಡ್ಡವರ ಮರ್ಯಾದೆ ಅಂದರೆ ಅದು.

ನಾನೂ ಹೋಗಿದ್ದೆ. ಯಾರಿಗೂ ಹೇಳಿಲ್ಲ, ಈಗ ನಿನಗೆ ಹೇಳುತ್ತಿದ್ದೇನೆ. ರಂಜಾನ್ ಬರುವವರೆಗೂ ಗಿರಣಿಯ ಪಾಳಿ ಮುಗಿದ ಮೇಲೆ ದಿನಾ ಮೈದಾನದ ಆಚೆ ರಸ್ತೆಯಲ್ಲಿ ನಿಂತಿದ್ದೆ. ನೀವೆಲ್ಲ ಆಟದಲ್ಲಿದ್ದಿರಿ. ಸಾಹೇಬರು ಮಾತ್ರ ನನ್ನನ್ನು ನೋಡಿದರು. ಕಣ್ಣಿಗೆ ಕಣ್ಣು ಕೂಡಿಸಿ ನೋಡಿದರು. ಕರೆಯಲಿಲ್ಲ. ಮುಖ ತಿರುಗಿಸಿ ಸೀಟಿ ಊದಿದರು. ಆಮೇಲೆ ಗಿರಣಿಯ ಕೆಲಸದಿಂದ ನಿವೃತ್ತಿಯಾಗಿ ಹರಿಹರಕ್ಕೆ ಗಂಟುಮೂಟೆ ಕಟ್ಟಿದರು. ಹೋಗುವ ದಿನವೂ ಕರೆಯಲಿಲ್ಲ. ಈಗ ಜ್ವರದಲ್ಲಿ ಕರೆಯುತ್ತಾರಂತೆ.

ಕುಂದ್ರು ಅಂದವರು ಏಳು ಅನ್ನಬೇಕಿತ್ತು. ಆರು ವರ್ಷದಿಂದ ಕೂತಿದ್ದೇನೆ. ಇದನ್ನು ನೀನು ಹೊಟ್ಟೆಕಿಚ್ಚು ಅನ್ನು, ಸೊಕ್ಕು ಅನ್ನು.

ಇನ್ನೊಂದು ಮಾತು. ಲೀಗ್ ಲೀಗ್ ಅನ್ನುತ್ತೀಯ, ಓದುವ ಕೋಣೆಗೆ ಹೋಗಿ ಪೇಪರು ನೋಡುತ್ತೇನೆ, ನಿಮ್ಮ ತಂಡದ ಹೆಸರುಗಳಲ್ಲಿ ನಿನ್ನದು ಕಾಣುವುದಿಲ್ಲ. ಅಷ್ಟು ದೊಡ್ಡವನಾದ ಮೇಲೆ ಕನ್ನಡ ಪೇಪರಿಗೆ ಹೆಸರು ಕೊಡುವುದಿಲ್ಲವೇನೋ.

ಖುದ್ದೂಸ್

*

ದಾವಣಗೆರೆ
12-12-1959

ಏಕಾಂತಪ್ಪ,

ತಿಂಗಳಾಯಿತು, ನಿನ್ನಿಂದ ಉತ್ತರವಿಲ್ಲ. ಬೈದರೆ ತಿರುಗಿ ಬೈಯಬೇಕು. ಸುಮ್ಮನಿರುವುದು ಗೆಳೆಯರ ಲಕ್ಷಣವಲ್ಲ.

ಮೊನ್ನೆ ಪಾಳಿ ಬಿಟ್ಟು ಹೊರಗೆ ಬಂದರೆ ಗಿರಣಿ ಬಾಗಿಲಲ್ಲಿ ಓಬವ್ವ ನಿಂತಿದ್ದಳು. ಹರಿಹರದಿಂದ ಬಂದಿದ್ದಳು. ಇನ್ನೂರು ಜನರ ಎದುರಿಗೆ ಸೊಂಟದ ಮೇಲೆ ಕೈ ಇಟ್ಟು ಕೇಳಿದಳು, "ಏನಪ್ಪಾ, ಕಲಿಸಿದೋರು ಸಾಯಾಕ ಬಿದ್ದಾರ, ನಿನ್ನ ಸಿಟ್ಟು ಇನ್ನೂ ಇಳೀಲಿಲ್ಲೇನು?" ಉತ್ತರಕ್ಕೂ ಕಾಯದೆ ಬಸ್ಸಿಗೆ ಹೊರಟುಹೋದಳು. ಮಗ್ಗದವರೆಲ್ಲ ನನ್ನನ್ನು ನೋಡುತ್ತಿದ್ದರು. ಮನೆಗೆ ಬಂದರೆ ಮಾಸೂಮಾದೂ ಅದೇ ಮಾತು.

ಎಲ್ಲರೂ ನನ್ನನ್ನೇ ತಳ್ಳುತ್ತೀರಿ. ಸಾಹೇಬರ ಕೈಯಿಂದ ಉಂಡವನು ನೀನು. ಒಂದು ದಿನ ರಜೆ ಹಾಕಿ ಬರಲು ನಿನಗೇನು ಧಾಡಿ?

ಖುದ್ದೂಸ್

*

ಬೆಂಗಳೂರು
20-12-1959

ಖುದ್ದೂಸ,

ಧಾಡಿ ಏನು ಅಂತ ಕೇಳಿದೆ. ತಗೋ.

ನನ್ನ ಎಡಗಾಲು ತೊಡೆಯಿಂದ ಪಾದದವರೆಗೆ ಪ್ಲಾಸ್ಟರಿನಲ್ಲಿದೆ. ಎರಡನೇ ಸಲ ಹಾಕಿದ್ದು. ಮೊದಲನೆಯದು ತೆಗೆದು ನೋಡಿದರೆ ಕೂಡಿರಲಿಲ್ಲ, ಮತ್ತೆ ಕೊಯ್ದರು. ಆಗಸ್ಟಿನಿಂದ ನಾನು ಮೈದಾನದ ಹುಲ್ಲು ನೋಡಿಲ್ಲ. ಪೇಪರಿನಲ್ಲಿ ನನ್ನ ಹೆಸರು ಹುಡುಕಿದೆಯಲ್ಲ, ಇನ್ನು ಹುಡುಕಬೇಡ. ಕೋಲು ಹಿಡಿದು ನಡೆಯಬಹುದು ಅಂತ ಡಾಕ್ಟರು ಹೇಳುತ್ತಾರೆ. ಆಡುವ ಮಾತು ಅವರೂ ಎತ್ತುವುದಿಲ್ಲ, ನಾನೂ ಕೇಳಿಲ್ಲ. ಕಾರ್ಖಾನೆಯವರು ಸ್ಟೋರಿನಲ್ಲಿ ಕೂತು ಮಾಡುವ ಕೆಲಸ ಕೊಡುತ್ತಾರಂತೆ. ಅಷ್ಟಾದರೂ ಕೊಟ್ಟರಲ್ಲ ಅಂತ ಕೈ ಮುಗಿಯಬೇಕು.

ಸೆಮಿಫೈನಲ್ಲಿಗೆ ಮುಂಚೆಯೇ ಮೊಣಕಾಲು ಊದಿತ್ತು. ಇಲ್ಲಿ ಉದ್ದಿನ ಹಿಟ್ಟಿಲ್ಲ, ಸೂಜಿ. ಟ್ರೇನರ್ ಸೂಜಿ ಹಿಡಿದುಕೊಂಡು "ಆಡ್ತೀಯಾ?" ಅಂದ. ಆಡುತ್ತೇನೆ ಅಂದೆ, ಚುಚ್ಚಿದ. ಆ ಹೊತ್ತಿಗೆ ನೋವೇ ಇರಲಿಲ್ಲ, ಹಕ್ಕಿಯ ಹಾಗೆ ಓಡಿದೆ. ಅರ್ಧ ಆಟ ಕಳೆದ ಮೇಲೆ ಒಂದು ಚೆಂಡಿಗೆ ತಿರುಗಿದೆ, ಮೊಣಕಾಲಿನ ಒಳಗೆ ಒಣ ಕಟ್ಟಿಗೆ ಮುರಿದ ಸದ್ದು ಬಂತು. ಅಷ್ಟೇ ನನಗೆ ಗೊತ್ತು.

ಊರಲ್ಲಿ ಅವ್ವನಿಗೂ ಹೇಳಿಲ್ಲ. ನಿನಗೆ ಯಾಕೆ ಹೇಳಲಿಲ್ಲ ಅಂದರೆ, ನೀನು ಖುಷಿಪಡುತ್ತೀಯ ಅಂತ ಹೆದರಿದೆ. ನನ್ನ ಜಾಗ ಕಿತ್ತುಕೊಂಡವನಿಗೆ ಸರಿಯಾಯಿತು ಅನ್ನುತ್ತೀಯ ಅಂದುಕೊಂಡೆ. ಅದಕ್ಕೇ ಲೀಗ್ ಅಂತ ಸುಳ್ಳು ಹೇಳಿದೆ. ಅದಕ್ಕೇ ಹೊಟ್ಟೆಕಿಚ್ಚು ಅಂತ ಚುಚ್ಚಿದೆ.

ನೀನು ಆರು ವರ್ಷದಿಂದ ನನ್ನದಾಗಬೇಕಿತ್ತು ಅಂತ ಅಳುತ್ತಿರುವ ಆ ಜಾಗ ಇದೇ. ಈಗ ಆಸ್ಪತ್ರೆಯ ಮಂಚದ ಮೇಲಿದೆ. ಬೇಕಾದರೆ ಬಂದು ತೆಗೆದುಕೊಂಡು ಹೋಗು. ನಿನಗೆ ಎರಡು ಕಾಲಿವೆ, ಎಂಟು ತಾಸು ಮಗ್ಗದ ಮುಂದೆ ನಿಲ್ಲುತ್ತೀಯ, ನಿಂತೆ ನಿಂತೆ ಅಂತ ನನಗೇ ದೂರು ಹೇಳುತ್ತೀಯ. ನಿಲ್ಲಲು ಬಂದರೆ ನಾನು ಇವತ್ತೇ ಹರಿಹರಕ್ಕೆ ನಡೆದು ಹೋಗುತ್ತಿದ್ದೆ. ಖುಷಿಪಡು, ಬಿಡು, ನಿನಗೆ ಬಿಟ್ಟದ್ದು. ಆ ಮುದುಕರನ್ನು ಮಾತ್ರ ನೋಡಿ ಬಾ. ನನಗೆ ಆಗುವುದಿಲ್ಲ, ಅದಕ್ಕೆ ನಿನಗೆ ಹೇಳುತ್ತಿದ್ದೇನೆ.

ಏಕಾಂತ

*

ದಾವಣಗೆರೆ
4-1-1960

ಏಕಾಂತ,

ಖುಷಿಪಡುತ್ತೇನೆ ಅಂತ ಹೇಗೆ ಅಂದುಕೊಂಡೆಯೋ ಪಾಪಿ. ಒಂದು ತಟ್ಟೆಯಲ್ಲಿ ಉಂಡು ಬೆಳೆದವರು ನಾವು. ನಿನ್ನ ಕಾಗದ ಓದಿದ ಮೇಲೆ ನನಗೆ ಅನ್ನ ಸೇರಲಿಲ್ಲ. ಮಾಸೂಮಾ ಅತ್ತಳು. ನಿನ್ನನ್ನು ಬೈಯುವುದು ಬಾಕಿ ಇದೆ, ಎದುರಿಗೆ ಸಿಕ್ಕಾಗ ಬೈಯುತ್ತೇನೆ.

ನಿನ್ನೆ ರಜೆ ಇತ್ತು, ಹರಿಹರಕ್ಕೆ ಹೋಗಿ ಬಂದೆ. ನಿನ್ನ ಸಲುವಾಗಿ ಹೋದೆ, ಅವರ ಸಲುವಾಗಿ ಅಲ್ಲ. ಮುಖ ತೋರಿಸಿ, ಸುಮ್ಮನೆ ಕೂತು, ಎದ್ದು ಬರಬೇಕು ಅಂತ ಬಸ್ಸಿನಲ್ಲಿ ನಿಶ್ಚಯ ಮಾಡಿಕೊಂಡಿದ್ದೆ. ಹೊಳೆಯ ಕಡೆಯ ಆ ಓಣಿ ಹಿಡಿದು ಹೋದರೆ ಬಾಗಿಲು ತೆರೆದೇ ಇತ್ತು. ಸಾಹೇಬರು ಬಾಗಿಲ ಕಡೆ ಮುಖ ಮಾಡಿ ಮಲಗಿದ್ದರು. ಆ ದೊಡ್ಡ ದೇಹ ಎಲ್ಲಿ ಹೋಯಿತೋ, ಕಂಬಳಿಯ ಕೆಳಗೆ ಮನುಷ್ಯ ಇದ್ದಾನೋ ಇಲ್ಲವೋ ಅನ್ನುವ ಹಾಗೆ.

ನನ್ನನ್ನು ನೋಡಿ, "ಖುದ್ದೂಸ್, ಕುಂದ್ರು" ಅಂದರು.

ಅದೇ ಮಾತು, ಅದೇ ದನಿ. ನನಗೆ ಏನಾಯಿತೋ ತಿಳಿಯದು. ನಿಂತಲ್ಲೇ ಶುರು ಮಾಡಿದೆ. ಕೂಡುವುದಿಲ್ಲ, ಒಮ್ಮೆ ಕೂತದ್ದಕ್ಕೆ ಬಾಳೇ ಹೋಯಿತು ಅಂದೆ. ಕನ್ನಡದಲ್ಲಿ ಬೈದೆ, ಅದು ಸಾಲದೆ ಉರ್ದುವಿನಲ್ಲಿ ಬೈದೆ, ಗಿರಣಿಯ ಮಗ್ಗದ ಖಾತೆಯಲ್ಲಿ ಆಡುವ ಹೊಲಸು ಮಾತು ಆಡಿದೆ. ಓಬವ್ವ ಒಳಗಿಂದ ಸವಟು ಹಿಡಿದು ಓಡಿ ಬಂದಳು. ಅವರು ಕೈ ಎತ್ತಿ ಅವಳನ್ನು ತಡೆದರು. ಮೊಣಕೈ ಊರಿ ಎದ್ದು ಕೂತು, ದಿಂಬಿಗೆ ಒರಗಿ, ಪೂರ್ತಿ ಕೇಳಿದರು. ನಾನು ಉಸಿರು ತೆಗೆದುಕೊಳ್ಳಲು ನಿಂತಾಗ ಕೇಳಿದರು, "ಇದನ್ನ ಆವತ್ತು ಯಾಕ ಹೇಳ್ಲಿಲ್ಲ?"

ಅವರ ದೇಶದಲ್ಲಿ ಹಾಗಂತೆ, ಏಕಾಂತ. ಆಟದಿಂದ ಕೂಡಿಸಿದರೆ ಆಟಗಾರ ಅವತ್ತೇ ಮ್ಯಾನೇಜರನ ಕೋಣೆಗೆ ನುಗ್ಗಿ ಮೇಜು ಗುದ್ದಿ ಜಗಳ ಆಡುತ್ತಾನಂತೆ. ಮ್ಯಾನೇಜರ್ ಕಾರಣ ಹೇಳುತ್ತಾನೆ, ಇವನು ಬೈದು ಹೋಗುತ್ತಾನೆ, ಸೋಮವಾರ ಇಬ್ಬರೂ ಮೈದಾನದಲ್ಲಿ. ಫೈನಲ್ ದಿನ ಎಲ್ಲರೂ ಹೋದ ಮೇಲೂ ಇವರು ಒಬ್ಬರೇ ನನಗೆ ಕಾಯುತ್ತ ನಿಂತಿದ್ದರಂತೆ. ಬಂದು ಬೈಯುತ್ತಾನೆ, ಬೈದ ಮೇಲೆ ಹೇಳೋಣ ಅಂತ. ನಾನು ಬರಲಿಲ್ಲ. ಮಾರನೇ ದಿನದಿಂದ ರಸ್ತೆಯಲ್ಲಿ ನಿಂತು ಮಾತಿಲ್ಲದೆ ದುರುಗುಟ್ಟಿ ನೋಡುತ್ತಿದ್ದೆ. ಇವನು ನನ್ನನ್ನು ಎಷ್ಟು ದ್ವೇಷಿಸುತ್ತಾನೆ ಅಂದರೆ ದಿನಾ ಬಂದು ಅದನ್ನು ತೋರಿಸಿ ಹೋಗುತ್ತಾನೆ ಅಂದುಕೊಂಡರಂತೆ.

ನಾನು ಗರಡಿಯ ರೀತಿ ಹೇಳಿದೆ. ಇಪ್ಪತ್ತು ವರ್ಷ ನಮ್ಮೊಳಗಿದ್ದು ನಮ್ಮ ಬೈಗುಳವನ್ನೆಲ್ಲ ಕಲಿತ ಮನುಷ್ಯನಿಗೆ ಇದೊಂದು ಗೊತ್ತಿರಲಿಲ್ಲ. ಕರೆಯಬೇಕಿತ್ತೇ, ನಾನು ಕರೆಯಬೇಕಿತ್ತೇ ಅಂತ ಎರಡೆರಡು ಸಲ ಕೇಳಿದರು. ಆಮೇಲೆ ನಗಲು ಹೋಗಿ ಕೆಮ್ಮು ಬಂತು. ಓಬವ್ವ ನನಗೆ ಬೈದಳು.

ಆಗ ಕೇಳಿದೆ, ಯಾಕೆ ಕೂಡಿಸಿದಿರಿ ಅಂತ. ಬಾಯಲ್ಲಿ ಹೇಳದೆ ಕಂಬಳಿ ಸರಿಸಿದರು. ಅವರ ಬಲ ಮೊಣಕಾಲು ನೀನು ನೋಡಿದ್ದೆಯಾ? ಎಷ್ಟು ಬಿಸಿಲಿದ್ದರೂ ಉದ್ದ ಪ್ಯಾಂಟು ಬಿಟ್ಟು ಬೇರೆ ಹಾಕಿದವರಲ್ಲ. ಹುಣಸೆ ಬೇರಿನ ಗಂಟು ಅದು. ಮಳೆ ಬೇಜಾರಾಗಿ ಆಟ ಬಿಟ್ಟದ್ದಲ್ಲ, ಸುಳ್ಳು. ಐದನೇ ವರ್ಷ, ಜನವರಿಯಲ್ಲಿ ದೊಡ್ಡ ಕಪ್ ಟೂರ್ನಿಯ ಆಟ, ನೆಲ ಮಂಜುಗಡ್ಡೆ. ಮೊದಲೇ ಊದಿದ್ದ ಮೊಣಕಾಲು ಮಧ್ಯದಲ್ಲೇ ಹೋಯಿತು. ನಾಲ್ಕು ಜನ ಹೊತ್ತು ಆಚೆ ತಂದರು. ಬೇಸಿಗೆಗೆ ಕ್ಲಬ್ಬು ಕೈಬಿಟ್ಟಿತು. ಇಪ್ಪತ್ತನಾಲ್ಕನೇ ವಯಸ್ಸಿಗೆ ತಿರುಗಿ ಮಗ್ಗದ ಕೆಲಸ. ನನ್ನ ಕಾಲಿಗೆ ಹೆಬ್ಬೆರಳು ಒತ್ತಿದಾಗ ತಮ್ಮದೇ ಕಾಲು ಮುಟ್ಟಿದ ಹಾಗಾಯಿತಂತೆ.

ಕೇಳಿ ನನಗೆ ಕಣ್ಣೀರು ಬರಬೇಕಿತ್ತು. ಇನ್ನಷ್ಟು ಸಿಟ್ಟು ಬಂತು. "ನಿಮ್ಮ ಕ್ಲಬ್ಬಿನೋರು ನಿಮ್ಮನ್ನ ಕೇಳದಂಗ ಆಡಿಸಿದ್ರು, ನೀವು ನನ್ನ ಕೇಳದಂಗ ಕೂಡಿಸಿದ್ರಿ. ಏನ್ ಫರಕ್ ಐತ್ರಿ? ಕಾಲು ನಂದಲ್ಲೇನು?" ಅಂದೆ.

ಅವರು ಕಂಬಳಿ ಎಳೆದು ಮೊಣಕಾಲು ಮುಚ್ಚಿಕೊಂಡರು. ಆಮೇಲೆ, "ಕೇಳಿದ್ರೆ ಏನ್ ಅಂತಿದ್ದಿ?" ಅಂದರು.

ನೀವು ಹೇಳಿದಂತೆ ಕೇಳುತ್ತಿದ್ದೆ ಅನ್ನಬೇಕು ಅಂತ ಬಾಯಿ ತೆರೆದೆ. ಸಾಯುವವರ ಎದುರು ಸುಳ್ಳು ಬರಲಿಲ್ಲ. ಆ ಕುರ್ಚಿಯವರು ಕೂತಿರುವಾಗ, ಕಾಲು ಮುರಿಯುತ್ತದೆ ಅಂತ ಖುದಾ ಬಂದು ಹೇಳಿದ್ದರೂ ಕೂಡುತ್ತಿರಲಿಲ್ಲ. "ಆಡ್ತೀನಿ ಅಂತಿದ್ದೆ" ಅಂದೆ.

"ನಮ್ಮ ಕ್ಲಬ್ಬಿನೋರು ಕೇಳಿದ್ರು, ಖುದ್ದೂಸ್" ಅಂದರು. "ನನ್ನ ಕೇಳೇ ಆಡಿಸಿದ್ರು."

ಕೊನೆಯ ಬಸ್ಸಿನ ಹೊತ್ತಿನವರೆಗೆ ಮಂಚದ ಪಕ್ಕ ಕೂತಿದ್ದೆ. ನನ್ನ ಸಿಟ್ಟು ಇಳಿದಿದೆ ಅಂದುಕೊಳ್ಳಬೇಡ, ಹಾಗೇ ಇದೆ. ಅದನ್ನು ಯಾರ ಬಾಗಿಲಿಗೆ ಒಯ್ದು ಇಳಿಸಬೇಕು ಅನ್ನುವುದು ಮಾತ್ರ ನನಗೆ ತಿಳಿಯದಾಗಿದೆ.

ಹೊರಡುವಾಗ ನಿನ್ನನ್ನು ವಿಚಾರಿಸಿದರು. ಏಕಾಂತ ಈ ವರ್ಷ ಹೇಗೆ ಆಡುತ್ತಿದ್ದಾನೆ ಅಂದರು. ಬಸ್ಸಿಗೆ ಹೊತ್ತಾಯಿತು ಅಂತ ಹೇಳಿ ಬಂದುಬಿಟ್ಟೆ. ಮುಂದಿನ ರಜೆಗೆ ಮತ್ತೆ ಹೋಗುತ್ತೇನೆ, ಮತ್ತೆ ಕೇಳುತ್ತಾರೆ. ಇದ್ದದ್ದು ಹೇಳಲೇ, ಚೆನ್ನಾಗಿ ಆಡುತ್ತಿದ್ದಾನೆ ಅನ್ನಲೇ? ನನಗೆ ತೋಚಿದ್ದನ್ನು ಹೇಳಿಬಿಡಬಹುದಿತ್ತು. ಕಾಲು ನಿನ್ನದು, ಅದಕ್ಕೆ ನಿನ್ನನ್ನು ಕೇಳುತ್ತಿದ್ದೇನೆ. ಬೇಗ ಬರೆ.

ಖುದ್ದೂಸ್